ಬ್ಯಾಂಕಾಕ್‌ನಲ್ಲಿ ಅರ್ಧ ದಿನದ ಟೂರ್: ರಾಮಾಯಣದ ಗೋಡೆಗೆ ಸಮಯ ಉಳಿಸಿಕೊಳ್ಳಿ

ಥಾಯ್ಲೆಂಡ್ ಪ್ಯಾಕೇಜ್ ಕೊಂಡವರ ಕಾರ್ಯಕ್ರಮಪಟ್ಟಿಯಲ್ಲಿ ‘ಹಾಫ್ ಡೇ ಸಿಟಿ ಟೂರ್’ ಎಂಬ ಸಾಲೊಂದು ಇದ್ದೇ ಇರುತ್ತದೆ. ಅದರೊಳಗೆ ಏನೇನಿದೆ ಎಂದು ಹಣ ಕಟ್ಟುವ ಮೊದಲೇ ಕೇಳಿ, ಬರವಣಿಗೆಯಲ್ಲಿ ಪಡೆದುಕೊಳ್ಳಿ. ಒಂದೇ ಹೆಸರಿನಲ್ಲಿ ಎರಡು ಬಗೆಯ ಟೂರ್‌ಗಳು ಮಾರಾಟವಾಗುತ್ತವೆ. ಮೊದಲನೆಯದರಲ್ಲಿ ಚಿನ್ನದ ಬುದ್ಧ, ಅಮೃತಶಿಲೆಯ ದೇವಾಲಯ, ಕೊನೆಗೆ ಒಂದು ಆಭರಣ ಮಳಿಗೆ. ಎರಡನೆಯದರಲ್ಲಿ ರಾಜರ ಅರಮನೆ ಗ್ರ್ಯಾಂಡ್ ಪ್ಯಾಲೇಸ್ ಮತ್ತು ಮಲಗಿದ ಬುದ್ಧನ ದೇವಾಲಯ ವಾಟ್ ಫೋ, ಸಮಯವಿದ್ದರೆ ಚಿನ್ನದ ಬುದ್ಧ. ಮೊದಲನೆಯದು ಅಗ್ಗ, ಕೆಲವು ಪ್ಯಾಕೇಜ್‌ಗಳಲ್ಲಿ ಉಚಿತ. ಹಾಗಿದ್ದರೂ ಬ್ಯಾಂಕಾಕ್‌ಗೆ ಮೊದಲ ಬಾರಿ ಹೋಗುವವರಿಗೆ ನಾನು ಎರಡನೆಯದನ್ನೇ ಹೇಳುತ್ತೇನೆ. ಅರಮನೆಯನ್ನು, ಅದರೊಳಗಿನ ದೇವಾಲಯದ ಗೋಡೆಯುದ್ದಕ್ಕೂ ಚಿತ್ರಿಸಿರುವ ರಾಮಾಯಣವನ್ನು ನೋಡದೆ ಬಂದರೆ ಆ ಊರಿನ ಕಥೆಯೇ ಕೈತಪ್ಪಿಹೋಗುತ್ತದೆ.

ನಾನು ಅಮ್ಮ ಮತ್ತು ಚಿಕ್ಕಮ್ಮನನ್ನು ಕರೆದುಕೊಂಡು ಹೋಗಿದ್ದೆ. ಇಬ್ಬರಿಗೂ ಅರವತ್ತು ದಾಟಿದೆ, ಅಮ್ಮನಿಗೆ ಮೊಣಕಾಲು ನೋವು. ಹಾಗಾಗಿ ದೊಡ್ಡ ಬಸ್ಸಿನ ಟೂರ್ ಬೇಡವೆಂದು ಹತ್ತು ಜನರ ವ್ಯಾನ್ ಆರಿಸಿಕೊಂಡೆ. ಬುಕ್ ಮಾಡುವ ಮೊದಲು ಏಜೆನ್ಸಿಯವರಿಗೆ ಕೆಲವೇ ಪ್ರಶ್ನೆಗಳನ್ನು ಕಳುಹಿಸಿದ್ದೆ. ಯಾವ ಯಾವ ಸ್ಥಳಗಳ ಒಳಗೆ ಕರೆದೊಯ್ಯುತ್ತೀರಿ, ಯಾವುದನ್ನು ಹೊರಗಿನಿಂದಷ್ಟೇ ತೋರಿಸುತ್ತೀರಿ? ಪ್ರವೇಶದ ಟಿಕೆಟ್ ಸೇರಿದೆಯೇ? ಅಂಗಡಿಯ ನಿಲುಗಡೆ ಇದೆಯೇ? ಅರಮನೆಯ ಒಳಗೆ ಎಷ್ಟು ಹೊತ್ತು? ಒಂದು ಏಜೆನ್ಸಿಯವರು ಅಂಗಡಿಯ ಪ್ರಶ್ನೆಯನ್ನು ಹಾರಿಸಿ ಉಳಿದವಕ್ಕೆಲ್ಲ ಉತ್ತರ ಬರೆದರು. ಅದೇ ಸಾಕಾಯಿತು, ಅವರನ್ನು ಬಿಟ್ಟು ತುಸು ಹೆಚ್ಚು ದರದ ಇನ್ನೊಬ್ಬರಲ್ಲಿ ಬುಕ್ ಮಾಡಿದೆ.

ಟಿಕೆಟ್ ವಿಷಯ ಸಣ್ಣದಲ್ಲ. ವಿದೇಶಿಯರಿಗೆ ಗ್ರ್ಯಾಂಡ್ ಪ್ಯಾಲೇಸ್ ಪ್ರವೇಶಕ್ಕೆ 500 ಬಾತ್ (ಥಾಯ್ ಹಣ), ವಾಟ್ ಫೋಗೆ 300 ಬಾತ್. ಚಿನ್ನದ ಬುದ್ಧನಿಗೆ ಇವೆರಡಕ್ಕಿಂತ ಬಹಳ ಕಡಿಮೆ. ಜಾಹೀರಾತಿನಲ್ಲಿ ಕಡಿಮೆ ದರ ತೋರಿಸಿ ಟಿಕೆಟ್ ಹಣವನ್ನು ಅಲ್ಲಿ ಹೋದ ಮೇಲೆ ಕೇಳುವ ಟೂರ್‌ಗಳು ಸಾಕಷ್ಟಿವೆ. ನಾಲ್ಕು ಜನರ ಕುಟುಂಬವಾದರೆ ಇವೆರಡು ಟಿಕೆಟ್‌ಗಳಿಗೇ 3,200 ಬಾತ್ ಆಗುತ್ತದೆ. ದರ ಹೋಲಿಸುವಾಗ ಇದನ್ನು ಸೇರಿಸಿಯೇ ಹೋಲಿಸಿ.

ಗೈಡ್ ಬಗ್ಗೆಯೂ ಒಂದು ಮಾತು. ಥಾಯ್ ಕಾನೂನಿನ ಪ್ರಕಾರ ಅಲ್ಲಿ ಪ್ರವಾಸಿ ಗೈಡ್ ಕೆಲಸ ಥಾಯ್ ಪ್ರಜೆಗಳಿಗೆ ಮಾತ್ರ ಮೀಸಲು, ಅದಕ್ಕೆ ಪ್ರವಾಸೋದ್ಯಮ ಇಲಾಖೆಯ ಪರವಾನಗಿ ಬೇಕು. ಪರವಾನಗಿಯ ಕಾರ್ಡನ್ನು ಕೊರಳಿಗೆ ಹಾಕಿಕೊಂಡಿರುತ್ತಾರೆ. ನಮ್ಮ ಗೈಡ್ ಮಧ್ಯವಯಸ್ಸಿನ ಹೆಂಗಸು, ಇಂಗ್ಲಿಷ್ ನಿಧಾನವಾಗಿ, ಸ್ಪಷ್ಟವಾಗಿ ಆಡುತ್ತಿದ್ದರು. ಎರಡೇ ನಿಮಿಷದಲ್ಲಿ ಅಮ್ಮನ ನಡಿಗೆ ಗಮನಿಸಿ, ಎಲ್ಲಿ ಮೆಟ್ಟಿಲಿದೆ, ಎಲ್ಲಿ ನೆರಳಿದೆ, ಎಲ್ಲಿ ಕೂರಬಹುದು ಎಂದು ಮೊದಲೇ ಹೇಳತೊಡಗಿದರು. ಅರ್ಧ ದಿನದ ಟೂರ್‌ಗೆ ಕೊಡುವ ಹಣ ವಸೂಲಾಗುವುದು ಇಂಥವರಿಂದಲೇ. ವಾಹನ ಯಾವುದಾದರೂ ಸಿಗುತ್ತದೆ, ಬ್ಯಾಂಕಾಕ್‌ನಲ್ಲಿ ಟ್ಯಾಕ್ಸಿ ದುಬಾರಿಯಲ್ಲ, ಮೆಟ್ರೋ ಅರಮನೆಯ ಹತ್ತಿರದವರೆಗೂ ಬರುತ್ತದೆ. ಗೋಡೆಯ ಮೇಲಿನ ಚಿತ್ರದಲ್ಲಿ ಯಾರು ಯಾರೆಂದು ಹೇಳುವವರು ಮಾತ್ರ ದಾರಿಯಲ್ಲಿ ಸಿಗುವುದಿಲ್ಲ.

ಬೆಳಗಿನ ಟೂರನ್ನೇ ಆರಿಸಿ. ಮಧ್ಯಾಹ್ನದ್ದೂ ಇರುತ್ತದೆ, ಆದರೆ ಅರಮನೆಯ ಟಿಕೆಟ್ ಕೊಡುವುದು ಮಧ್ಯಾಹ್ನ 3.30ರವರೆಗೆ ಮಾತ್ರ. ಹನ್ನೆರಡರಿಂದ ಮೂರರವರೆಗಿನ ಬಿಸಿಲು ಆ ಅಂಗಳದಲ್ಲಿ ತಡೆಯುವಂಥದ್ದಲ್ಲ. ಮಾರ್ಚ್‌ನಿಂದ ಮೇವರೆಗೆ ಇದು ಇನ್ನೂ ಕಠಿಣ. ನವೆಂಬರ್‌ನಿಂದ ಫೆಬ್ರುವರಿವರೆಗಿನ ತಿಂಗಳುಗಳು ಹಿತವಾಗಿರುತ್ತವೆ, ಅಷ್ಟೇ ಜನಸಂದಣಿಯೂ ಇರುತ್ತದೆ. ಥಾಯ್ ಗಡಿಯಾರ ನಮ್ಮದಕ್ಕಿಂತ ಒಂದೂವರೆ ಗಂಟೆ ಮುಂದೆ. ಊರಿನಿಂದ ಹೋದ ಮರುದಿನವೇ ಟೂರ್ ಇಟ್ಟುಕೊಂಡರೆ ಅಲ್ಲಿನ ಏಳು ಗಂಟೆಗೆ ಹೋಟೆಲ್ ಬಾಗಿಲಲ್ಲಿ ನಿಲ್ಲಲು ನಮ್ಮ ಲೆಕ್ಕದಲ್ಲಿ ಬೆಳಗಿನ ಜಾವ ನಾಲ್ಕೂವರೆಗೇ ಏಳಬೇಕಾಗುತ್ತದೆ. ಹಿರಿಯರಿದ್ದರೆ ಒಂದು ದಿನ ಬಿಟ್ಟು ಇಟ್ಟುಕೊಳ್ಳಿ.

ನಮ್ಮ ಮೊದಲ ನಿಲುಗಡೆ ವಾಟ್ ತ್ರೈಮಿತ್, ಚಿನ್ನದ ಬುದ್ಧನ ದೇವಾಲಯ. ಇದು ಚೈನಾಟೌನ್‌ನ ಮುಖ್ಯ ರಸ್ತೆ ಯಾವರಾತ್‌ನ ತುದಿಯಲ್ಲಿದೆ. ಬಿಳಿ ಅಮೃತಶಿಲೆಯ ಎತ್ತರದ ಕಟ್ಟಡ, ಮೂರ್ತಿ ಇರುವುದು ಮೇಲಿನ ಅಂತಸ್ತಿನಲ್ಲಿ. ಅಮ್ಮ ಕೈಗಂಬಿ ಹಿಡಿದು, ನಡುನಡುವೆ ನಿಂತು ಹತ್ತಿದರು. ಮೊಣಕಾಲಿನ ತೊಂದರೆ ಇರುವವರು ಇಲ್ಲಿ ಅವಸರ ಮಾಡಬೇಡಿ, ಗೈಡ್‌ಗೆ ಮೊದಲೇ ತಿಳಿಸಿ.

ಒಳಗಿನ ಬುದ್ಧನ ಎತ್ತರ ಸುಮಾರು ಮೂರು ಮೀಟರ್, ತೂಕ ಸುಮಾರು ಐದೂವರೆ ಟನ್. ಲೇಪವಲ್ಲ, ಚಿನ್ನವೇ. ಹಳೆಯ ಥಾಯ್ ರಾಜ್ಯ ಸುಖೋಥಾಯ್ ಕಾಲದ ಶೈಲಿ: ನೀಳ ಮುಖ, ಕೊಕ್ಕಿನಂತೆ ಬಾಗಿದ ಮೂಗು, ನೆಲದತ್ತ ಇಳಿದ ಬಲಗೈ ಬೆರಳುಗಳು. ಇದರ ಕಥೆಯನ್ನು ಗೈಡ್ ವ್ಯಾನಿನಲ್ಲೇ ಹೇಳಿ ಮುಗಿಸಿದ್ದರು, ಅದು ಒಳ್ಳೆಯದಾಯಿತು, ಏಕೆಂದರೆ ಮೂರ್ತಿಯ ಮುಂದೆ ನಿಂತಾಗ ಮಾತು ಬೇಕಾಗಲಿಲ್ಲ. ಯಾವುದೋ ಕಾಲದಲ್ಲಿ, ಬಹುಶಃ ಬರ್ಮಾದ ಸೈನ್ಯದ ಕಣ್ಣಿಗೆ ಬೀಳದಿರಲೆಂದು, ಮೂರ್ತಿಗೆ ಗಾರೆ ಮೆತ್ತಿ ಬಣ್ಣ ಬಳಿದಿದ್ದರು. ಮೆತ್ತಿದವರು ಹೋದರು, ಗುಟ್ಟೂ ಅವರೊಂದಿಗೆ ಹೋಯಿತು. 1935ರಲ್ಲಿ ಪಾಳುಬಿದ್ದ ಇನ್ನೊಂದು ದೇವಾಲಯದಿಂದ ಇದನ್ನು ಇಲ್ಲಿಗೆ ತಂದಾಗ ಇಡಲು ಸರಿಯಾದ ಜಾಗವಿಲ್ಲದೆ ತಗಡಿನ ಮಾಡಿನ ಕೆಳಗೆ ಕೂರಿಸಿದರು. ಇಪ್ಪತ್ತು ವರ್ಷ ಅದು ಹಾಗೆಯೇ ಇತ್ತು. 1955ರ ಮೇ ತಿಂಗಳಲ್ಲಿ ಹೊಸ ಕಟ್ಟಡಕ್ಕೆ ಎತ್ತುವಾಗ ಹಗ್ಗ ಹರಿದು ಮೂರ್ತಿ ನೆಲಕ್ಕೆ ಬಿತ್ತು, ಗಾರೆ ಬಿರುಕುಬಿಟ್ಟು ಒಳಗಿನ ಬಣ್ಣ ಕಾಣಿಸಿತು. ಮೂರ್ತಿ ಒಂದಕ್ಕೊಂದು ಜೋಡಿಸಿದ ಒಂಬತ್ತು ಭಾಗಗಳಲ್ಲಿದೆ ಎಂಬುದೂ ಆಮೇಲೆ ತಿಳಿದದ್ದು.

ಇಲ್ಲಿಗೆ ಅರ್ಧ ಗಂಟೆ ಸಾಕು. ಯಾವರಾತ್ ರಸ್ತೆಯಲ್ಲಿ ಎರಡೂ ಬದಿ ಚಿನ್ನದ ಅಂಗಡಿಗಳು ಕಾಣುತ್ತವೆ. ಚಿಕ್ಕಮ್ಮ ಕಿಟಕಿಗೆ ಮುಖ ಆನಿಸಿ ಕುಳಿತಿದ್ದರು. ಅಲ್ಲಿ ಚಿನ್ನವನ್ನು ತೂಗುವುದು ಗ್ರಾಂನಲ್ಲಲ್ಲ, ಹಣದ ಹೆಸರೇ ಇರುವ ‘ಬಾತ್’ ಎಂಬ ತೂಕದಲ್ಲಿ. ಅದು ಹದಿನೈದು ಗ್ರಾಂಗಿಂತ ತುಸು ಹೆಚ್ಚು. ಅಲ್ಲಿನ ಚಿನ್ನದ ಶುದ್ಧತೆ ಶೇ. 96.5. ಕೊಳ್ಳುವ ಮನಸ್ಸಿದ್ದರೆ ಟೂರ್ ಮುಗಿದ ಮೇಲೆ ನಿಧಾನವಾಗಿ ಬಂದು, ವಾಪಸ್ ಬರುವಾಗಿನ ಕಸ್ಟಮ್ಸ್ ನಿಯಮ ನೋಡಿಕೊಂಡೇ ಕೊಳ್ಳಿ.

ಅರಮನೆಯತ್ತ ಹೋಗುವ ದಾರಿಯಲ್ಲಿ ಗೈಡ್ ವ್ಯಾನಿನ ವೇಗ ತಗ್ಗಿಸಲು ಹೇಳಿ ಎತ್ತರದ ಕೆಂಪು ಕಂಬಗಳ ಚೌಕಟ್ಟೊಂದನ್ನು ತೋರಿಸಿದರು. ಅದು ದೈತ್ಯ ಉಯ್ಯಾಲೆ, ಥಾಯ್ ಹೆಸರು ಸಾವ್ ಚಿಂಗ್ ಚಾ. 1784ರಲ್ಲಿ ಮೊದಲು ನಿಲ್ಲಿಸಿದ್ದು, ಈಗಿರುವ ತೇಗದ ಕಂಬಗಳು 2007ರವು. ಆಸ್ಥಾನದ ಬ್ರಾಹ್ಮಣರು ನಡೆಸುತ್ತಿದ್ದ ಹಬ್ಬದಲ್ಲಿ ಗಂಡಸರು ಇದರ ಮೇಲೆ ಆಕಾಶಕ್ಕೆ ಜೀಕುತ್ತಿದ್ದರು. ಅಪಘಾತಗಳಾಗುತ್ತಿದ್ದ ಆ ಉಯ್ಯಾಲೆಯಾಟ 1930ರ ದಶಕದಲ್ಲಿ ನಿಂತಿತು, ಪೂಜೆ ಮುಂದುವರಿದಿದೆ. ಆ ಹಬ್ಬದ ಹೆಸರು ತ್ರಿಯಂಪಾವೈ ತ್ರಿಪಾವೈ. ನಮ್ಮಲ್ಲಿ ಧನುರ್ಮಾಸದಲ್ಲಿ ಹಾಡುವ ತಿರುವೆಂಬಾವೈ, ತಿರುಪ್ಪಾವೈಗಳಿಂದಲೇ ಅದು ಬಂದದ್ದು. ಪ್ರತಿ ಧನುರ್ಮಾಸದಲ್ಲೂ ತಿರುಪ್ಪಾವೈಗೆ ಹೋಗುವ ಚಿಕ್ಕಮ್ಮ ಇದನ್ನು ಕೇಳಿ ವ್ಯಾನಿನಲ್ಲೇ ಕೈಮುಗಿದರು. ಬಹಳಷ್ಟು ಟೂರ್‌ಗಳು ಇದರ ಪಕ್ಕದಲ್ಲೇ ಹಾದುಹೋದರೂ ಹೆಸರು ಎತ್ತುವುದಿಲ್ಲ. ನೀವಾಗಿಯೇ ಕೇಳಿ.

ಇನ್ನು ಅರಮನೆ. ಬಟ್ಟೆಯ ನಿಯಮ ಇಲ್ಲಿ ಎಲ್ಲೆಡೆಗಿಂತ ಬಿಗಿ. ತೋಳಿಲ್ಲದ ಮೇಲುಡುಗೆ, ಚಡ್ಡಿ, ಗಿಡ್ಡ ಲಂಗ, ಹರಿದ ವಿನ್ಯಾಸದ ಜೀನ್ಸ್, ಮೈ ಕಾಣುವ ತೆಳು ಬಟ್ಟೆ, ಮೈಗಂಟುವ ಲೆಗ್ಗಿಂಗ್ಸ್ ಇವಕ್ಕೆಲ್ಲ ಪ್ರವೇಶವಿಲ್ಲ. ತೋಳಿಲ್ಲದ ಉಡುಪಿನ ಮೇಲೆ ಶಾಲು ಹೊದ್ದರೆ ಸಾಕು ಎಂದು ನಂಬಿ ಹೋಗಬೇಡಿ, ನಮ್ಮ ಮುಂದೆಯೇ ಒಬ್ಬರನ್ನು ತಡೆದರು. ಹೆಂಗಸರಿಗೆ ಸಡಿಲವಾದ ಹತ್ತಿಯ ಚೂಡಿದಾರ್ ಅಥವಾ ಸೀರೆ, ಗಂಡಸರಿಗೆ ಹಗುರ ಪ್ಯಾಂಟ್ ಮತ್ತು ತೋಳಿರುವ ಅಂಗಿ ಸರಿ. ಸುಲಭವಾಗಿ ಬಿಚ್ಚಿ ಹಾಕಬಹುದಾದ ಚಪ್ಪಲಿಯೇ ಇರಲಿ, ಪ್ರತಿ ಗುಡಿಯ ಬಾಗಿಲಲ್ಲೂ ಅದನ್ನು ಕಳಚಬೇಕು. ಪಾಸ್‌ಪೋರ್ಟ್ ಅಥವಾ ಅದರ ಪ್ರತಿ ಜೊತೆಗಿರಲಿ.

ಅರಮನೆಯ ಗೋಡೆಯ ಸುತ್ತಮುತ್ತ ಒಂದು ಹಳೆಯ ಮೋಸ ಇಂದಿಗೂ ನಡೆಯುತ್ತದೆ. ಸಭ್ಯವಾಗಿ ಉಡುಗೆ ತೊಟ್ಟ ವ್ಯಕ್ತಿ ಬಂದು, ಇಂದು ಅರಮನೆ ಮುಚ್ಚಿದೆ, ಮಧ್ಯಾಹ್ನ ತೆರೆಯುತ್ತದೆ, ಅಷ್ಟರಲ್ಲಿ ಕಡಿಮೆ ದುಡ್ಡಿಗೆ ಟುಕ್‌ಟುಕ್‌ನಲ್ಲಿ ಬೇರೆ ದೇವಾಲಯ ನೋಡಿ ಬನ್ನಿ ಎನ್ನುತ್ತಾನೆ. ಆ ಟುಕ್‌ಟುಕ್ ಹೋಗಿ ನಿಲ್ಲುವುದು ರತ್ನದ ಅಂಗಡಿ ಅಥವಾ ದರ್ಜಿಯ ಅಂಗಡಿಯ ಮುಂದೆ. ಅರಮನೆ ವಾರದ ಎಲ್ಲ ದಿನ ಬೆಳಗ್ಗೆ 8.30ಕ್ಕೆ ತೆರೆಯುತ್ತದೆ. ರಾಜಮನೆತನದ ಸಮಾರಂಭಗಳಿದ್ದಾಗ ಪೂರ್ತಿಯಾಗಿ ಅಥವಾ ಕೆಲವು ಭಾಗ ಮುಚ್ಚುವುದುಂಟು, ಅದನ್ನು ಅರಮನೆಯ ಅಧಿಕೃತ ಜಾಲತಾಣದಲ್ಲಿ ನೋಡಿಕೊಳ್ಳಿ, ದಾರಿಹೋಕರಿಂದ ಕೇಳಿಕೊಳ್ಳಬೇಡಿ. ಪ್ರವೇಶ ನಾ ಫ್ರಾ ಲಾನ್ ರಸ್ತೆಯ ಕಡೆಯಿಂದ. ತೊಂದರೆಯಾದರೆ ಪ್ರವಾಸಿ ಪೊಲೀಸರ ಸಂಖ್ಯೆ 1155. ಗೈಡ್ ಜೊತೆಗಿದ್ದರೆ ಈ ಜನ ಹತ್ತಿರವೂ ಸುಳಿಯುವುದಿಲ್ಲ.

1767ರಲ್ಲಿ ಬರ್ಮಾದವರು ಆಗಿನ ರಾಜಧಾನಿ ಅಯುತ್ಥಯ ನಗರವನ್ನು ಸುಟ್ಟ ಮೇಲೆ ರಾಜಧಾನಿ ನದಿಯ ಆಚೆ ದಡದ ಥೊನ್‌ಬುರಿಗೆ ಹೋಯಿತು. 1782ರಲ್ಲಿ ಚಕ್ರಿ ವಂಶದ ಮೊದಲ ದೊರೆ, ಮೊದಲನೆಯ ರಾಮ, ಈಚೆ ದಡದಲ್ಲಿ ಹೊಸ ರಾಜಧಾನಿ ಕಟ್ಟಲು ಆರಂಭಿಸಿದ. ಅರಮನೆಯೂ ಅದರೊಳಗಿನ ವಾಟ್ ಫ್ರಾ ಕೆಯೊ ದೇವಾಲಯವೂ ಆಗಿನವು. ಪಚ್ಚೆ ಬುದ್ಧ ಇರುವುದು ಈ ದೇವಾಲಯದಲ್ಲಿ. ಅರವತ್ತಾರು ಸೆಂಟಿಮೀಟರ್ ಎತ್ತರದ ಹಸಿರು ಕಲ್ಲಿನ ಮೂರ್ತಿ, ಬಹಳ ಎತ್ತರದ ಪೀಠದ ಮೇಲೆ ಕೂತಿದೆ. ದೊಡ್ಡದನ್ನು ನಿರೀಕ್ಷಿಸಿ ಬಂದವರು ಒಂದು ಕ್ಷಣ ಹುಡುಕುತ್ತಾರೆ. ಇದರ ಕಥೆಯೂ ಗಾರೆಯದ್ದೇ: 1434ರಲ್ಲಿ ಉತ್ತರದ ಊರಾದ ಚಿಯಾಂಗ್ ರಾಯ್‌ನ ಸ್ತೂಪಕ್ಕೆ ಸಿಡಿಲು ಬಡಿದಾಗ ಒಳಗೆ ಗಾರೆ ಮೆತ್ತಿದ ಮೂರ್ತಿ ಸಿಕ್ಕಿತಂತೆ, ಮೂಗಿನ ಬಳಿ ಗಾರೆ ಉದುರಿ ಹಸಿರು ಕಂಡಿತಂತೆ. ಆಮೇಲೆ ಅದು ಲಾವೋಸ್‌ನಲ್ಲಿ ಇನ್ನೂರಕ್ಕೂ ಹೆಚ್ಚು ವರ್ಷ ಇದ್ದು, ಯುದ್ಧದಲ್ಲಿ ಗೆದ್ದ ಥಾಯ್ ಸೈನ್ಯದೊಂದಿಗೆ ಇಲ್ಲಿಗೆ ಬಂತು. ಬೇಸಿಗೆ, ಮಳೆಗಾಲ, ಚಳಿಗಾಲಕ್ಕೆ ಒಂದೊಂದು ಉಡುಪು. ಋತು ಬದಲಾದಾಗ ಉಡುಪು ಬದಲಿಸುವ ವಿಧಿಯನ್ನು ರಾಜನೇ ನೆರವೇರಿಸುತ್ತಾನೆ. ಒಳಗೆ ಫೋಟೊ ತೆಗೆಯುವಂತಿಲ್ಲ. ಕೂರುವಾಗ ಪಾದಗಳು ಮೂರ್ತಿಯ ಕಡೆ ಚಾಚಬಾರದು, ಹಿಂದಕ್ಕೆ ಮಡಚಿಕೊಳ್ಳಬೇಕು. ಹಿರಿಯರಿಗೆ ನೆಲದ ಮೇಲೆ ಕೂರಲಾಗದಿದ್ದರೆ ಹಿಂದೆ ನಿಂತು ನೋಡಬಹುದು.

ಈಗ ನಾನು ಮುಖ್ಯವಾಗಿ ಹೇಳಬೇಕಾದ ವಿಷಯಕ್ಕೆ ಬರುತ್ತೇನೆ. ದೇವಾಲಯದ ಆವರಣವನ್ನು ಸುತ್ತುವರಿದು ಒಂದು ಮೊಗಸಾಲೆ ಇದೆ. ಅದರ ಗೋಡೆಯುದ್ದಕ್ಕೂ ಇಡೀ ರಾಮಾಯಣ ಚಿತ್ರಿತವಾಗಿದೆ, ಒಟ್ಟು 178 ಚಿತ್ರಭಾಗಗಳು. ಥಾಯ್ ಜನರ ರಾಮಾಯಣದ ಹೆಸರು ರಾಮಕಿಯನ್, ಅದರ ಪೂರ್ಣ ಪಾಠವನ್ನು ಮೊದಲನೆಯ ರಾಮನ ಕಾಲದಲ್ಲೇ, 1797ರಲ್ಲಿ, ಕಾವ್ಯವಾಗಿ ಬರೆಯಿಸಲಾಯಿತು. ಹೆಚ್ಚಿನ ಗುಂಪುಗಳು ಪಚ್ಚೆ ಬುದ್ಧನ ದರ್ಶನ ಮಾಡಿ, ಚಿನ್ನದ ಸ್ತೂಪದ ಮುಂದೆ ಫೋಟೊ ತೆಗೆಸಿಕೊಂಡು, ಈ ಮೊಗಸಾಲೆಯನ್ನು ಬಾಗಿಲಿನಂತೆ ದಾಟಿ ಹೊರಗೆ ಹೋಗುತ್ತವೆ. ನಾನು ಕಣ್ಣಾರೆ ಕಂಡೆ, ನಮ್ಮ ದೇಶದಿಂದ ಬಂದ ಒಂದು ದೊಡ್ಡ ಗುಂಪು ಈ ಗೋಡೆಗೆ ಬೆನ್ನು ಮಾಡಿ ನೆರಳಿನಲ್ಲಿ ನಿಂತು ಬಸ್ಸಿಗೆ ಕಾಯುತ್ತಿತ್ತು. ನನಗೆ ನಿಜಕ್ಕೂ ಸಂಕಟವಾಯಿತು. ಜಗತ್ತಿನ ಬೇರೆ ಪ್ರವಾಸಿಗರಿಗೆ ಇದು ಬರೀ ಬಣ್ಣ. ನಾವು ಕಥೆ ಬಲ್ಲವರು, ನಮಗೆ ಗೈಡ್ ಇಲ್ಲದೆಯೂ ಅರ್ಧ ಗೋಡೆ ಅರ್ಥವಾಗುತ್ತದೆ.

ಕಥೆ ಆರಂಭವಾಗುವುದು ಉತ್ತರದ ಬಾಗಿಲ ಬಳಿ, ಜನಕನಿಗೆ ನೇಗಿಲ ಸಾಲಿನಲ್ಲಿ ಸೀತೆ ಸಿಗುವ ಚಿತ್ರದಿಂದ. ಬಣ್ಣಗಳ ಗುರುತು ಮೊದಲೇ ತಿಳಿದಿದ್ದರೆ ಓದುವುದು ಸುಲಭ. ರಾಮನ ಮೈ ಹಸಿರು, ಲಕ್ಷ್ಮಣನದು ಹೊನ್ನಿನ ಬಣ್ಣ, ಹನುಮಂತ ಅಚ್ಚ ಬಿಳಿ. ರಾವಣನೂ ಹಸಿರೇ, ಅವನಿಗೆ ಅಲ್ಲಿ ಥೊತ್ಸಕಾನ್ ಎಂದು ಹೆಸರು. ಆದರೆ ಗೋಪುರದಂತೆ ಒಂದರ ಮೇಲೊಂದು ಇಟ್ಟ ಅವನ ತಲೆಗಳಿಂದ ತಪ್ಪದೆ ಗುರುತಿಸಬಹುದು. ಕಿರೀಟ, ಆಭರಣ, ಅರಮನೆಯ ಶಿಖರಗಳಿಗೆ ಚಿನ್ನದ ಹಾಳೆ ಅಂಟಿಸಿದ್ದಾರೆ. ಬೆಳಗಿನ ಬಿಸಿಲು ಓರೆಯಾಗಿ ಬಿದ್ದಾಗ ಚಿತ್ರದಲ್ಲಿ ಆ ಭಾಗಗಳಷ್ಟೇ ಮುಂದೆ ಬಂದು ನಿಲ್ಲುತ್ತವೆ. ಹತ್ತಿರ ಹೋಗಿ ಕೆಳ ಅಂಚನ್ನೂ ನೋಡಿ. ಯುದ್ಧದ ಗದ್ದಲದ ಕೆಳಗೆ ಅಡುಗೆ ಮಾಡುವವರು, ಮಗುವನ್ನು ಎತ್ತಿಕೊಂಡವರು, ಹರಟುವವರು, ಸಾಮಾನ್ಯ ಥಾಯ್ ಜನ ಸಣ್ಣ ಸಣ್ಣದಾಗಿ ಇದ್ದಾರೆ.

ಒಂದೆಡೆ ಬೆಟ್ಟದಷ್ಟು ಬೆಳೆದ ಬಿಳಿ ಹನುಮಂತ ಬಾಯಿ ತೆರೆದು ಕುಳಿತಿದ್ದಾನೆ, ತೆರೆದ ಬಾಯೊಳಗೆ ರಾಮನ ಬಿಡಾರ. ಗೈಡ್ ಇನ್ನೂ ಹಿಂದಿನ ಚಿತ್ರದ ಬಳಿ ಇದ್ದರು. ಅಮ್ಮ ನಿಂತಲ್ಲೇ ನಿಂತು ನನ್ನ ತೋಳು ಹಿಡಿದರು.

“ಇದು ಮೈರಾವಣನ ಕಥೆ ಕಣೋ. ರಾಮ ಲಕ್ಷ್ಮಣರನ್ನು ಪಾತಾಳಕ್ಕೆ ಕದ್ದೊಯ್ಯುತ್ತಾನಲ್ಲ, ಅದು. ನಮ್ಮ ಕಡೆ ಹನುಮಂತ ಬಾಲವನ್ನೇ ಕೋಟೆಯಾಗಿ ಸುತ್ತಿ ಕಾಯುತ್ತಾನೆ. ಇಲ್ಲಿ ನೋಡು, ಬಾಯೊಳಗೇ ಇಟ್ಟುಕೊಂಡಿದ್ದಾನೆ.”

ಚಿಕ್ಕಮ್ಮ, “ಅಕ್ಕಾ, ಯಕ್ಷಗಾನದಲ್ಲಿ ನೋಡಿದ್ದೆವಲ್ಲ, ಮೈರಾವಣ ಕಾಳಗ” ಎಂದರು. ನಾನು ಗೈಡ್‌ಗೆ ಇಂಗ್ಲಿಷಿನಲ್ಲಿ ಹೇಳಿದೆ. ಅವರು, ಹೌದು, ಇಲ್ಲಿ ಅವನ ಹೆಸರು ಮೈಯರಾಪ್ ಎಂದು ಹೇಳಿ, ಅಲ್ಲಿಂದ ಮುಂದೆ ಅಮ್ಮನ ಪಕ್ಕದಲ್ಲೇ ನಡೆಯತೊಡಗಿದರು. ಒಂದು ಚಿತ್ರಕ್ಕೆ ಅವರು ಥಾಯ್ ಕಥೆ ಹೇಳುವುದು, ಅಮ್ಮ ನಮ್ಮ ಕಥೆ ಹೇಳುವುದು, ನಡುವೆ ನಾನು ಅನುವಾದಿಸುವುದು. ಸೇತುವೆ ಕಟ್ಟುವಾಗ ರಾವಣನ ಮಗಳಾದ ಮತ್ಸ್ಯಕನ್ಯೆ ಸುವನ್ನಮಚ್ಛಾ ಕಲ್ಲುಗಳನ್ನು ಕದಿಯುತ್ತಾಳೆ, ಹನುಮಂತ ಅವಳನ್ನು ತಡೆಯಲು ಹೋಗಿ ಪ್ರೀತಿಸುತ್ತಾನೆ, ಅವರಿಗೆ ಮೀನಿನ ಬಾಲದ ಮಗ ಹುಟ್ಟುತ್ತಾನೆ ಎಂದಾಗ ಅಮ್ಮ ಒಪ್ಪಲಿಲ್ಲ. “ಆಂಜನೇಯ ಬ್ರಹ್ಮಚಾರಿ” ಎಂದು ಗೈಡ್‌ಗೇ ನೇರವಾಗಿ ಕನ್ನಡದಲ್ಲಿ ಹೇಳಿದರು. ಆದರೆ ಪಾತಾಳದ ದಾರಿಯಲ್ಲಿ ಹನುಮಂತನನ್ನು ತಡೆಯುವವನು ಇದೇ ಮಗ ಎಂದು ತಿಳಿದಾಗ, ನಮ್ಮ ಕಥೆಯಲ್ಲೂ ಅವನ ಬೆವರಿನಿಂದ ಹುಟ್ಟಿದ ಮಗನೊಬ್ಬ ಪಾತಾಳದ ಬಾಗಿಲಲ್ಲಿ ಇರುವುದು ಅವರಿಗೆ ನೆನಪಾಯಿತು. ಹೀಗೆ ಒಂದು ಕಡೆ ಬೇರೆಯಾದ ಕಥೆ ಮತ್ತೊಂದು ಕಡೆ ಕೂಡಿಕೊಳ್ಳುವುದನ್ನು ಗೋಡೆಯುದ್ದಕ್ಕೂ ನೋಡಬಹುದು. ನಮ್ಮ ವ್ಯಾನಿನ ಉಳಿದವರೂ ಬಂದು ಸುತ್ತ ನಿಂತರು.

ಹಾಗಾಗಿ ಬುಕ್ ಮಾಡುವಾಗ, ಮೊಗಸಾಲೆಯ ಚಿತ್ರಗಳಿಗೆ ಕನಿಷ್ಠ ಅರ್ಧ ಗಂಟೆ ಬೇಕೆಂದು ಸ್ಪಷ್ಟವಾಗಿ ಕೇಳಿ. ಹೊರಡುವ ಮೊದಲು ಮನೆಯಲ್ಲಿ ಮಕ್ಕಳಿಗೆ ರಾಮಾಯಣದ ಕಥೆಯನ್ನು, ಮೈರಾವಣನದನ್ನೂ ಸೇರಿಸಿ, ಹೇಳಿಟ್ಟಿರಿ. ಮೊಗಸಾಲೆಯಲ್ಲಿ ನೆರಳಿದೆ, ಆದ್ದರಿಂದ ಅಂಗಳವನ್ನು ಮೊದಲು ಮುಗಿಸಿ ಬಿಸಿಲೇರುವ ಹೊತ್ತಿಗೆ ಇಲ್ಲಿಗೆ ಬನ್ನಿ. ಅಂಗಳದಲ್ಲಿ ಎರಡು ಚಿನ್ನದ ಸ್ತೂಪಗಳನ್ನು ಸುತ್ತಲೂ ಹೊತ್ತು ನಿಂತ ಆಕೃತಿಗಳನ್ನು ಗಮನಿಸಿ. ಕಾಲಿಗೆ ಪಾದರಕ್ಷೆ ತೊಟ್ಟವರು ರಾಕ್ಷಸರು, ಬರಿಗಾಲಿನವರು ವಾನರರು. ಮಕ್ಕಳಿಗೆ ಹೇಳಿಕೊಟ್ಟರೆ ತಾವೇ ಎಣಿಸುತ್ತಾ ಸುತ್ತುತ್ತಾರೆ.

ದೇವಾಲಯದಿಂದ ಮುಂದೆ ಸಿಗುವ ಚಕ್ರಿ ಮಹಾ ಪ್ರಾಸಾತ್ ಭವನವನ್ನು ಹೊರಗಿನಿಂದ ನೋಡಿದರೆ ಸಾಕು. ಐದನೆಯ ರಾಮ ಚುಲಾಲಾಂಗ್‌ಕಾರ್ನ್ ಕಟ್ಟಿಸಿದ್ದು, 1882ರಲ್ಲಿ ಮುಗಿಯಿತು. ಕೆಳಗೆಲ್ಲ ಯುರೋಪಿನ ಅರಮನೆ, ಮೇಲೆ ಥಾಯ್ ಶಿಖರಗಳು. ಅರಮನೆಯ ಟಿಕೆಟ್ಟನ್ನು ಎಸೆಯಬೇಡಿ. ಆವರಣದಲ್ಲೇ ಇರುವ ವಸ್ತ್ರ ಸಂಗ್ರಹಾಲಯಕ್ಕೂ, ಹೊರಗೆ ಸಾಲಾ ಚಲೆರ್ಮ್‌ಕ್ರುಂಗ್ ರಂಗಮಂದಿರದಲ್ಲಿ ನಡೆಯುವ ಖೋನ್ ಪ್ರದರ್ಶನಕ್ಕೂ ಅದೇ ಟಿಕೆಟ್ ಸಲ್ಲುತ್ತದೆ. ಖೋನ್ ಎಂದರೆ ಮುಖವಾಡ ತೊಟ್ಟು ರಾಮಕಿಯನ್ ಕಥೆಯನ್ನು ಆಡುವ ನೃತ್ಯನಾಟಕ. ಗೋಡೆಯ ಮೇಲಿನ ಬಣ್ಣಗಳೇ ಅಲ್ಲಿ ವೇಷಗಳಾಗಿ ಬರುತ್ತವೆ. ಅಂದಿನ ವೇಳೆಯನ್ನು ಟಿಕೆಟ್ ಕೌಂಟರ್‌ನಲ್ಲೇ ಕೇಳಿಕೊಳ್ಳಿ, ಗೈಡ್‌ಗಳು ತಾವಾಗಿ ಹೇಳುವುದು ಅಪರೂಪ.

ವಾಟ್ ಫೋ ಅರಮನೆಯ ದಕ್ಷಿಣಕ್ಕೇ ಇದೆ. ಅಂತರ ಕಡಿಮೆಯಾದರೂ ಅರಮನೆಯ ಗೋಡೆಯುದ್ದಕ್ಕೂ ನಡೆಯಬೇಕು, ಬಿಸಿಲಿನಲ್ಲಿ ಹಿರಿಯರಿಗೆ ಕಷ್ಟ, ವ್ಯಾನ್ ಇರುವುದು ಇಲ್ಲಿ ಉಪಯೋಗಕ್ಕೆ ಬಂತು. ಮಲಗಿದ ಬುದ್ಧನ ಉದ್ದ 46 ಮೀಟರ್, ಎತ್ತರ 15 ಮೀಟರ್. ಮೂರನೆಯ ರಾಮನ ಕಾಲದ್ದು. ಕಟ್ಟಡ ಮೂರ್ತಿಗೆ ಅಂಟಿಕೊಂಡಂತೆ ಇರುವುದರಿಂದ ಎಲ್ಲಿ ನಿಂತರೂ ಪೂರ್ತಿ ಕಾಣುವುದಿಲ್ಲ, ಕಂಬಗಳ ನಡುವೆ ಒಮ್ಮೆ ಮುಖ, ಒಮ್ಮೆ ಮೊಣಕೈ, ಒಮ್ಮೆ ಮಡಿಕೆಬಿದ್ದ ವಸ್ತ್ರ ಎಂದು ಸಾಗಬೇಕು. ಪಾದಗಳ ಬಳಿ ಜನ ಸೇರುತ್ತಾರೆ, ಕಾದರೂ ನೋಡಿ. ಕಪ್ಪು ಅಂಗಾಲುಗಳ ಮೇಲೆ ಮುತ್ತಿನ ಚಿಪ್ಪನ್ನು ಕೂರಿಸಿ 108 ಮಂಗಳ ಚಿಹ್ನೆಗಳನ್ನು ಮಾಡಿದ್ದಾರೆ. ಹಿಂಬದಿಯ ಗೋಡೆಗೆ ಸಾಲಾಗಿ 108 ಕಂಚಿನ ಬಟ್ಟಲುಗಳಿವೆ. ಇಪ್ಪತ್ತು ಬಾತ್ ಕೊಟ್ಟರೆ ಚಿಲ್ಲರೆ ನಾಣ್ಯಗಳ ಬಟ್ಟಲೊಂದನ್ನು ಕೊಡುತ್ತಾರೆ, ಒಂದೊಂದಕ್ಕೆ ಒಂದೊಂದು ಹಾಕುತ್ತಾ ಹೋಗುವುದು. ಅಮ್ಮ ಒಂದನ್ನೂ ಬಿಡದೆ ಹಾಕಿದರು.

ಈ ದೇವಾಲಯ ಥಾಯ್ ಸಾಂಪ್ರದಾಯಿಕ ಮಸಾಜ್ ವಿದ್ಯೆಯ ಕೇಂದ್ರ. ಇಲ್ಲಿನ ಶಿಲಾಫಲಕಗಳಲ್ಲಿ ವೈದ್ಯವೂ ಸೇರಿದಂತೆ ಹಲವು ವಿದ್ಯೆಗಳನ್ನು ಕೆತ್ತಿಸಿದ್ದಾರೆ, ಅವು ಯುನೆಸ್ಕೊದ ‘ಜಗತ್ತಿನ ಸ್ಮೃತಿ’ ಪಟ್ಟಿಯಲ್ಲಿವೆ. ಆವರಣದಲ್ಲೇ ಮಸಾಜ್ ಶಾಲೆಯಿದೆ. ನಡೆದು ದಣಿದವರು ಟೂರ್ ಮುಗಿದ ಮೇಲೆ ಕಾಲಿನ ಮಸಾಜ್ ಮಾಡಿಸಿಕೊಳ್ಳಬಹುದು. ಮೊಣಕಾಲಿನ ಸಮಸ್ಯೆ ಇದ್ದರೆ ಮೊದಲೇ ಹೇಳಿ, ಥಾಯ್ ಮಸಾಜ್‌ನಲ್ಲಿ ಒತ್ತಡ ಜಾಸ್ತಿ.

ಅಮೃತಶಿಲೆಯ ದೇವಾಲಯ ವಾಟ್ ಬೆಂಚಮಬೋಪಿತ್ ನಮ್ಮ ಟೂರ್‌ನಲ್ಲಿ ಇರಲಿಲ್ಲ, ಇನ್ನೊಂದು ಬೆಳಗ್ಗೆ ನಾವೇ ಟ್ಯಾಕ್ಸಿಯಲ್ಲಿ ಹೋದೆವು. ಇಟಲಿಯ ಕರಾರಾ ಅಮೃತಶಿಲೆಯಲ್ಲಿ ಕಟ್ಟಿದ್ದು, ಪ್ರಶಾಂತವಾಗಿದೆ, ಚೆನ್ನಾಗಿದೆ. ಮುಂಜಾನೆ ಬೇಗ ಹೋದರೆ ಭಿಕ್ಷುಗಳು ಗೇಟಿನ ಬಳಿ ನಿಂತು ಭಿಕ್ಷೆ ಸ್ವೀಕರಿಸುವುದನ್ನು ನೋಡಬಹುದು. ಹೆಂಗಸರು ಭಿಕ್ಷುಗಳನ್ನು ಮುಟ್ಟಬಾರದು, ಕೈಗೆ ಕೈ ತಾಗುವಂತೆ ಏನನ್ನೂ ಕೊಡಬಾರದು. ಹಳೆಯ ಐದು ಬಾತ್ ನಾಣ್ಯದ ಹಿಂಬದಿಯಲ್ಲಿ ಇರುವುದು ಇದೇ ದೇವಾಲಯ. ಗ್ರ್ಯಾಂಡ್ ಪ್ಯಾಲೇಸ್ ಮತ್ತು ಇದರ ನಡುವೆ ಒಂದನ್ನೇ ಆರಿಸಬೇಕಾದರೆ ಅರಮನೆಯನ್ನು ಆರಿಸಿ.

ಆಭರಣ ಮಳಿಗೆಯ ನಿಲುಗಡೆ ಇರುವ ಟೂರ್ ನಿಮ್ಮ ಪ್ಯಾಕೇಜ್‌ನಲ್ಲೇ ಸೇರಿಕೊಂಡಿದ್ದರೆ ಗಾಬರಿ ಬೇಡ. ಅಲ್ಲಿ ಕೊಳ್ಳಲೇಬೇಕೆಂಬ ನಿಯಮವಿಲ್ಲ. ಚಹಾ, ತಂಪು ಪಾನೀಯ ಕೊಟ್ಟು, ಕಲ್ಲು ಕತ್ತರಿಸುವುದನ್ನು ತೋರಿಸಿ, ಆಮೇಲೆ ಮಾರಾಟದ ಮಹಡಿಯಲ್ಲಿ ಒಬ್ಬೊಬ್ಬರ ಜೊತೆ ಒಬ್ಬ ಮಾರಾಟಗಾರರು ನಡೆಯುತ್ತಾರೆ. ‘ಬೇಡ, ಧನ್ಯವಾದ’ ಎಂದು ಕೈಮುಗಿದು ಮುಂದೆ ಹೋಗಿ. ಊರಿಗೆ ತಂದು ಹೆಚ್ಚು ಬೆಲೆಗೆ ಮಾರಬಹುದು ಎಂದು ಯಾರಾದರೂ ಹೇಳಿದರೆ ಆ ಮಾತನ್ನು ಖಂಡಿತ ನಂಬಬೇಡಿ. ಗುಂಪಿನವರೆಲ್ಲ ಒಪ್ಪಿದರೆ, ಅಂಗಡಿ ಬೇಡ, ಆ ಸಮಯವನ್ನು ವಾಟ್ ಫೋನಲ್ಲಿ ಕಳೆಯೋಣ ಎಂದು ಗೈಡ್ ಬಳಿ ವಿನಯದಿಂದ ಕೇಳಿಯೂ ನೋಡಬಹುದು.

ಟೂರ್ ಮುಗಿದಾಗ ವ್ಯಾನಿನಲ್ಲಿ ಹೋಟೆಲ್‌ಗೆ ಹಿಂದಿರುಗಲೇಬೇಕೆಂದಿಲ್ಲ. ಮಧ್ಯಾಹ್ನದ ಟ್ರಾಫಿಕ್‌ನಲ್ಲಿ ಅದಕ್ಕೇ ಒಂದು ಗಂಟೆ ಹಿಡಿಯುತ್ತದೆ. ವಾಟ್ ಫೋನಲ್ಲೇ ಇಳಿದುಕೊಳ್ಳುತ್ತೇವೆ ಎಂದು ಗೈಡ್‌ಗೆ ಹೇಳಿಬಿಡಿ. ಹಿಂದೆಯೇ ಥಾ ತಿಯಾನ್ ದೋಣಿಕಟ್ಟೆ ಇದೆ. ಅಲ್ಲಿಂದ ಕೆಲವೇ ಬಾತ್ ಕೊಟ್ಟು ಚಾವೋ ಫ್ರಾಯಾ ನದಿ ದಾಟಿದರೆ ವಾಟ್ ಅರುಣ್. ಮೈತುಂಬ ಪಿಂಗಾಣಿಯ ಚೂರುಗಳನ್ನು ಹೂಗಳಾಗಿ ಜೋಡಿಸಿದ ಗೋಪುರ, ಇದಕ್ಕೆ ಪ್ರತ್ಯೇಕ ಟಿಕೆಟ್. ಮೆಟ್ಟಿಲು ಬಹಳ ಕಡಿದು, ಹಿರಿಯರು ಕೆಳಗಿನಿಂದಲೇ ನೋಡಲಿ. ಊಟ ಮುಗಿಸಿ ಬಿಸಿಲು ಇಳಿದ ಮೇಲೆ ಹೋಗುವುದು ಮೇಲು.

ಶುದ್ಧ ಸಸ್ಯಾಹಾರಿಗಳಿಗೆ ಊಟದ ಬಗ್ಗೆ ಒಂದು ಎಚ್ಚರಿಕೆ. ತರಕಾರಿಯ ಪದಾರ್ಥಕ್ಕೂ ಮೀನಿನ ಸಾಸ್ ಹಾಕುವುದು ಅಲ್ಲಿ ಸಹಜ, ಬೇಡವೆಂದರೆ ‘ನಾಮ್ ಪ್ಲಾ’ ಬೇಡ ಎಂದು ಹೇಳಬೇಕು. ಹಳದಿ ಫಲಕದ ಮೇಲೆ ಕೆಂಪು ಥಾಯ್ ಅಕ್ಷರದಲ್ಲಿ ‘ಜೇ’ ಎಂದು ಬರೆದಿದ್ದರೆ ಅಲ್ಲಿ ಮಾಂಸ, ಮೀನು, ಮೊಟ್ಟೆ, ಹಾಲು ಯಾವುದೂ ಇಲ್ಲ, ಬೆಳ್ಳುಳ್ಳಿಯೂ ಇಲ್ಲ. ಈ ಅಕ್ಷರದ ಚಿತ್ರವನ್ನು ಮೊಬೈಲ್‌ನಲ್ಲಿ ಇಟ್ಟುಕೊಂಡಿರಿ. ಭಾರತೀಯ ಊಟವೇ ಬೇಕೆಂದರೆ ಫಾಹುರತ್ ಪ್ರದೇಶ ವಾಟ್ ಫೋನಿಂದ ದೂರವಿಲ್ಲ, ಅಲ್ಲಿ ಗುರುದ್ವಾರವೂ ಬಟ್ಟೆಯ ಅಂಗಡಿಗಳೂ ಇವೆ. ನಾವು ಅಲ್ಲಿಯೇ ಉಂಡೆವು.

ಹಿಂದಿರುಗಲು ಎರಡು ದಾರಿ. ದೋಣಿ ಇಷ್ಟವಾದರೆ ಕಿತ್ತಳೆ ಬಾವುಟದ ಎಕ್ಸ್‌ಪ್ರೆಸ್ ದೋಣಿಯಲ್ಲಿ ಸಾಥೊರ್ನ್ ಕಟ್ಟೆಗೆ ಹೋಗಿ. ಅಲ್ಲಿಯೇ ಸಫಾನ್ ತಾಕ್ಸಿನ್ ಸ್ಕೈಟ್ರೇನ್ ನಿಲ್ದಾಣ ಇದೆ. ದೋಣಿ ಹತ್ತುವಾಗ, ಇಳಿಯುವಾಗ ಕಟ್ಟೆ ಓಲಾಡುತ್ತದೆ, ಸಿಬ್ಬಂದಿ ಅವಸರ ಮಾಡುತ್ತಾರೆ, ಹಿರಿಯರ ಕೈ ಹಿಡಿದುಕೊಂಡಿರಿ. ಅದು ಬೇಡವೆಂದರೆ ವಾಟ್ ಫೋ ಹತ್ತಿರದ ಸನಾಮ್ ಚಾಯ್ ಮೆಟ್ರೋ ನಿಲ್ದಾಣ. 2019ರಲ್ಲಿ ತೆರೆದದ್ದು, ಒಳಗೆ ಅರಮನೆಯ ಸಭಾಂಗಣದಂತೆ ಅಲಂಕರಿಸಿದ್ದಾರೆ, ಎಸ್ಕಲೇಟರ್ ಮತ್ತು ಲಿಫ್ಟ್ ಇವೆ, ತಂಪಾಗಿದೆ. ಅಮ್ಮನ ಕಾಲು ನೋಡಿಕೊಂಡು ನಾವು ಮೆಟ್ರೋ ಹಿಡಿದೆವು. ಗೈಡ್‌ಗೆ ಟಿಪ್ಸ್ ಕೊಡುವುದು ಕಡ್ಡಾಯವಲ್ಲ, ಆದರೆ ಚೆನ್ನಾಗಿ ತೋರಿಸಿದವರಿಗೆ ತಪ್ಪದೆ ಕೊಡಿ, ಚಾಲಕರಿಗೆ ಬೇರೆಯಾಗಿ ಕೊಡಿ. ಹೋಟೆಲ್ ಬಿಡುವಾಗಲೇ ನೂರರ ನೋಟುಗಳನ್ನು ಚಿಲ್ಲರೆ ಮಾಡಿಸಿಕೊಂಡಿದ್ದರೆ ಇಳಿಯುವ ಹೊತ್ತಿನಲ್ಲಿ ಪರದಾಡಬೇಕಾಗುವುದಿಲ್ಲ.